ಊರೂರಿನ ಆಲ್ಕಾಟ್ ಶಾಲೆ: ಒಂದು ಸಾಮಾಜಿಕ ಅಧ್ಯಯನ

1

ಕನ್ನಡ ವಿದ್ವಾಂಸರಿಗೆ ಅಡಯಾರು ಎಂದೊಡನೆ ನೆನಪಿಗೆ ಬರುವುದು ಅಲ್ಲಿಯ ಗ್ರಂಥಭಂಡಾರ. ಥಿಯಾಸಾಫಿಕಲ್ ಸೊಸೈಟಿಯ ಆಶ್ರಯದಲ್ಲಿ 1886ರಲ್ಲಿ ಸ್ಥಾಪಿತವಾದ ಆ ಭಂಡಾರ ಓಲೆಗರಿಗಳ ಸಂಗ್ರಹಕ್ಕೂ ಗ್ರಂಥಸಂಪಾದನೆಗೂ ಹೆಸರಾದುದು. ಅದರ ಸ್ಥಾಪಕರಾದ ಕರ್ನಲ್ ಹೆನ್ರಿ ಸ್ಟೀಲ್ ಆಲ್ಕಾಟ್ ಅವರೇ ಎಂಟು ವರ್ಷಗಳ ಬಳಿಕ, 1894ರಲ್ಲಿ, ಅದೇ ನೆರೆಯಲ್ಲಿ ಮತ್ತೊಂದು ಸಂಸ್ಥೆಯನ್ನು ತೆರೆದರು. ಅದು ಅಕ್ಷರದಿಂದ ತಲೆತಲಾಂತರವಾಗಿ ದೂರವಿರಿಸಲ್ಪಟ್ಟ ಮಕ್ಕಳಿಗಾಗಿ ತೆರೆದ ಒಂದು ಪ್ರಾಥಮಿಕ ಶಾಲೆ. ಗ್ರಂಥಭಂಡಾರದ ಚರಿತ್ರೆ ವಿದ್ವತ್ಲೋಕಕ್ಕೆ ಪರಿಚಿತವಾಗಿದೆ. ಶಾಲೆಯ ಚರಿತ್ರೆಗೆ ಅಷ್ಟು ಗಮನ ದೊರೆತಿಲ್ಲ.

ಇಂದು ಚೆನ್ನೈ ನಗರದ ಬೆಸೆಂಟ್ ನಗರವೆಂಬ ಬಡಾವಣೆಯಲ್ಲಿ ನಿಂತಿರುವ ಆ ಶಾಲೆ ಆರಂಭವಾದಾಗ ಬೆಸೆಂಟ್ ನಗರ ಇರಲಿಲ್ಲ. ಇದ್ದುದು ಊರೂರು ಎಂಬ ಹಳ್ಳಿ, ಅದರ ಚೇರಿ, ಕಡಲ ದಂಡೆಯ ಮೀನುಗಾರರ ವಸತಿ. ಹಳ್ಳಿ ನಗರದಲ್ಲಿ ಕರಗಿತು, ಶಾಲೆ ಉಳಿಯಿತು. ಒಂದು ಪ್ರಾಥಮಿಕ ಶಾಲೆಗೂ ಅದರ ಸುತ್ತಣ ಸಮುದಾಯಕ್ಕೂ ಇರುವ ಸಂಬಂಧ ಯಾವ ಬಗೆಯದು, ಶಾಲೆಯನ್ನು ಕೊಟ್ಟವರ ಉದ್ದೇಶವೂ ಪಡೆದವರ ಆಕಾಂಕ್ಷೆಯೂ ಎಲ್ಲಿ ಕೂಡುತ್ತವೆ, ಎಲ್ಲಿ ಬೇರೆಯಾಗುತ್ತವೆ ಎಂಬುದನ್ನು ಈ ನಿದರ್ಶನದ ಮೂಲಕ ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ. ಇದೇ ಕಾಲದಲ್ಲಿ ಮಂಗಳೂರಿನಲ್ಲಿ ನಡೆದ ಪ್ರಯತ್ನವೊಂದನ್ನು ಇದರೊಡನೆ ಹೋಲಿಸುವುದರಿಂದ ವಿಷಯ ಇನ್ನಷ್ಟು ಸ್ಪಷ್ಟವಾಗುತ್ತದೆ.

2

ಮೊದಲಿಗೆ ಸ್ಥಳನಾಮಗಳನ್ನು ಗಮನಿಸಬಹುದು. ತಮಿಳು ನಾಡಿನ ಗ್ರಾಮರಚನೆಯಲ್ಲಿ ‘ಊರ್’ ಮತ್ತು ‘ಚೇರಿ’ ಎಂಬ ಎರಡು ಶಬ್ದಗಳು ಎರಡು ವಸತಿಗಳನ್ನು ಮಾತ್ರವಲ್ಲ, ಎರಡು ಸಾಮಾಜಿಕ ಸ್ಥಾನಗಳನ್ನೂ ಸೂಚಿಸುತ್ತವೆ. ಊರ್ ಎಂದರೆ ಸವರ್ಣೀಯರ ವಸತಿ. ಚೇರಿ ಎಂದರೆ ಊರಿಗೆ ಹೊರತಾಗಿ, ಹೊಲಗದ್ದೆಗಳ ಆಚೆಗೆ ಇರಿಸಲ್ಪಟ್ಟವರ ವಸತಿ. ತಮಿಳಿನ ಚೇರಿ ಕನ್ನಡದ ‘ಕೇರಿ’ಯ ಜ್ಞಾತಿಪದ. ತಾಲವ್ಯ ಸ್ವರದ ಮುಂದೆ ಪದಾದಿಯ ಕಕಾರವು ತಮಿಳಿನಲ್ಲಿ ಚಕಾರವಾಗುವುದೂ ಕನ್ನಡದಲ್ಲಿ ಕಕಾರವಾಗಿಯೇ ಉಳಿಯುವುದೂ ದ್ರಾವಿಡ ಭಾಷಾವಿಜ್ಞಾನದ ವಿದ್ಯಾರ್ಥಿಗಳಿಗೆ ತಿಳಿದ ಸಂಗತಿ. ಕಿವಿ–ಚೆವಿ ಎಂಬಲ್ಲಿ ಕಾಣುವ ಸಂಬಂಧವೇ ಕೇರಿ–ಚೇರಿಗಳಲ್ಲಿಯೂ ಇದೆ. ಕನ್ನಡದಲ್ಲಿ ಕೇರಿ ಎಂಬುದು ಯಾವುದೇ ಬೀದಿಗೆ ಸಲ್ಲುವ ಮಾತಾದರೂ ‘ಊರು–ಕೇರಿ’ ಎಂದು ಜೋಡಿಸಿದಾಗ ತಮಿಳಿನ ಊರ್–ಚೇರಿಗಳ ಅರ್ಥಭೇದವೇ ಒದಗಿಬರುತ್ತದೆ. ಸಿದ್ಧಲಿಂಗಯ್ಯನವರು ತಮ್ಮ ಆತ್ಮಕಥನಕ್ಕೆ ‘ಊರುಕೇರಿ’ ಎಂದು ಹೆಸರಿಟ್ಟುದರ ಹಿಂದಿನ ಧ್ವನಿ ಇದೇ.

ಊರೂರು ಎಂಬ ಹೆಸರಿನಲ್ಲಿ ‘ಊರ್’ ಎರಡು ಬಾರಿ ಬಂದಿದೆ. ಆದರೆ ಆಲ್ಕಾಟರ ಶಾಲೆ ತೆರೆದುದು ಊರಿನವರಿಗಾಗಿ ಅಲ್ಲ, ಚೇರಿಯವರಿಗಾಗಿ. ಶಾಲೆಯ ಹೆಸರಿನಲ್ಲಿಯೇ ‘ಪಂಚಮ’ ಎಂಬ ಪದ ಸೇರಿತ್ತು. ನಾಲ್ಕು ವರ್ಣಗಳ ಲೆಕ್ಕದ ಆಚೆಗೆ ಉಳಿದ ಐದನೆಯವರು ಎಂಬುದು ಅದರ ಅರ್ಥ. 19ನೆಯ ಶತಮಾನದ ಕೊನೆಯಲ್ಲಿ ಮದ್ರಾಸ್ ಸರ್ಕಾರದ ಕಾಗದಪತ್ರಗಳಲ್ಲಿಯೂ ಸುಧಾರಕರ ಬರಹಗಳಲ್ಲಿಯೂ ಈ ಪದ ಸಭ್ಯವೆಂದು ಬಳಕೆಗೆ ಬಂದಿತು. ಆದರೆ ಅದು ಆ ಜನರು ತಮಗೆ ತಾವೇ ಇಟ್ಟುಕೊಂಡ ಹೆಸರಲ್ಲ. ರೆಟ್ಟೈಮಲೈ ಶ್ರೀನಿವಾಸನ್ ಅವರು 1893ರಲ್ಲಿ ‘ಪರೈಯನ್’ ಎಂಬ ಹೆಸರಿನಲ್ಲಿಯೇ ಪತ್ರಿಕೆ ಹೊರಡಿಸಿ, ಹೀನಾಯವೆಂದು ಎಣಿಸಲಾದ ಪದವನ್ನೇ ಆತ್ಮಗೌರವದ ಗುರುತಾಗಿ ಎತ್ತಿ ಹಿಡಿದರು. ಅಯೋತಿದಾಸ ಪಂಡಿತರು ಆ ಪದವನ್ನು ನಿರಾಕರಿಸಿ, ತಮ್ಮ ಜನರು ಈ ನಾಡಿನ ಮೂಲ ತಮಿಳರೂ ಪ್ರಾಚೀನ ಬೌದ್ಧರೂ ಆಗಿದ್ದರೆಂದು ಪ್ರತಿಪಾದಿಸಿದರು. 1922ರಲ್ಲಿ ಎಂ. ಸಿ. ರಾಜಾ ಅವರ ಪ್ರಯತ್ನದ ಫಲವಾಗಿ ಮದ್ರಾಸ್ ಸರ್ಕಾರ ಹಳೆಯ ಹೆಸರುಗಳಿಗೆ ಬದಲಾಗಿ ‘ಆದಿದ್ರಾವಿಡ’ ಎಂಬುದನ್ನು ಅಂಗೀಕರಿಸಿತು. ಮೈಸೂರು ಸಂಸ್ಥಾನದಲ್ಲಿ ‘ಆದಿಕರ್ನಾಟಕ’ ಎಂಬ ಹೆಸರು ರೂಢಿಗೆ ಬಂದುದೂ ಅದೇ ದಶಕದಲ್ಲಿ. ಶಾಲೆಯ ಹೆಸರಿನಿಂದ ‘ಪಂಚಮ’ ಬಿದ್ದುಹೋಗಿ ಸ್ಥಾಪಕರ ಹೆಸರು ಮಾತ್ರ ಉಳಿದುದನ್ನು ಈ ದೀರ್ಘ ವಾಗ್ವಾದದ ಹಿನ್ನೆಲೆಯಲ್ಲಿಟ್ಟು ನೋಡಬೇಕು.

3

ಆಲ್ಕಾಟ್ (1832–1907) ಅಮೆರಿಕದವರು. ಯೌವನದಲ್ಲಿ ಕೃಷಿವಿಜ್ಞಾನದಲ್ಲಿ ಆಸಕ್ತರಾಗಿದ್ದು, ಅಂತರ್ಯುದ್ಧದ ಕಾಲದಲ್ಲಿ ಸೈನ್ಯದ ಸೇವೆ ಮಾಡಿ ಕರ್ನಲ್ ಪದವಿ ಪಡೆದರು. ಆಮೇಲೆ ವಕೀಲಿ ವೃತ್ತಿಯಲ್ಲಿದ್ದರು. 1875ರಲ್ಲಿ ನ್ಯೂಯಾರ್ಕಿನಲ್ಲಿ ಬ್ಲಾವಟ್‌ಸ್ಕಿ ಮೊದಲಾದವರೊಡನೆ ಥಿಯಾಸಾಫಿಕಲ್ ಸೊಸೈಟಿಯನ್ನು ಸ್ಥಾಪಿಸಿದರು. 1882ರ ಡಿಸೆಂಬರಿನಲ್ಲಿ ಸೊಸೈಟಿಯ ಕೇಂದ್ರ ಅಡಯಾರಿಗೆ ಬಂದಿತು. ಸಿಂಹಳದಲ್ಲಿ ಬೌದ್ಧ ಶಾಲೆಗಳ ಸ್ಥಾಪನೆಗೆ ದುಡಿದ ಅನುಭವ ಅವರಿಗೆ ಆಗಲೇ ಇತ್ತು.

ಅವರ ಶಾಲೆ ನಿರ್ವಾತದಲ್ಲಿ ಹುಟ್ಟಿದುದಲ್ಲ. ಚೆಂಗಲ್ಪಟ್ಟು ಜಿಲ್ಲೆಯ ಕಲೆಕ್ಟರರಾಗಿದ್ದ ಟ್ರೆಮೆನ್‌ಹೀರ್ ಅವರು 1891ರಲ್ಲಿ ಅಲ್ಲಿಯ ಪರೈಯರ ಸ್ಥಿತಿಗತಿಗಳನ್ನು ಕುರಿತು ವಿವರವಾದ ವರದಿಯನ್ನು ಸಿದ್ಧಪಡಿಸಿದರು. ವಾಸದ ನೆಲವೂ ತಮ್ಮದಲ್ಲದೆ, ಸಾಲದ ಬಂಧನದಲ್ಲಿ ಭೂಮಾಲೀಕರ ಹೊಲಗಳಲ್ಲಿ ದುಡಿಯುತ್ತಿದ್ದ ಜನರ ಬದುಕನ್ನು ಆ ವರದಿ ಸರ್ಕಾರದ ಮುಂದಿಟ್ಟಿತು. 1892ರಲ್ಲಿ ಅವರಿಗೆ ಭೂಮಿ ಕೊಡುವ ಕುರಿತೂ, 1893ರಲ್ಲಿ ಅವರ ಮಕ್ಕಳ ಶಿಕ್ಷಣಕ್ಕೆ ವಿಶೇಷ ಪ್ರೋತ್ಸಾಹ ನೀಡುವ ಕುರಿತೂ ಮದ್ರಾಸ್ ಸರ್ಕಾರದ ಆದೇಶಗಳು ಹೊರಟವು. ಕ್ರೈಸ್ತ ಮಿಷನ್ನುಗಳು ಅದಕ್ಕೂ ಮೊದಲೇ ಈ ಕಾರ್ಯದಲ್ಲಿ ತೊಡಗಿದ್ದವು. ಆಲ್ಕಾಟರ ಶಾಲೆಯ ವಿಶೇಷವೆಂದರೆ ಅದು ಶುಲ್ಕವನ್ನಾಗಲಿ ಮತಪರಿವರ್ತನೆಯನ್ನಾಗಲಿ ಬಯಸದೆ ಅಕ್ಷರವನ್ನು ಕೊಡಲು ಮುಂದಾದುದು.

ಊರೂರಿನ ಶಾಲೆಯ ಬಳಿಕ ಮದ್ರಾಸಿನ ಬೇರೆ ಚೇರಿಗಳಲ್ಲಿಯೂ ಇಂಥ ಶಾಲೆಗಳು ತೆರೆದವು. ಕೋಡಂಬಾಕ್ಕದ ಶಾಲೆಗೆ ಬ್ಲಾವಟ್‌ಸ್ಕಿಯವರ ಹೆಸರನ್ನೂ ತೇನಾಂಪೇಟೆಯದಕ್ಕೆ ದಾಮೋದರರ ಹೆಸರನ್ನೂ ಮೈಲಾಪುರದ್ದಕ್ಕೆ ತಿರುವಳ್ಳುವರ ಹೆಸರನ್ನೂ ಇಡಲಾಯಿತು. ಕೊನೆಯ ಹೆಸರು ಗಮನಾರ್ಹವಾದುದು. ತಿರುವಳ್ಳುವರು ಮೈಲಾಪುರದವರೆಂದೂ ಚೇರಿಯ ಜನರ ಕುಲಕ್ಕೆ ಸಂಬಂಧಪಟ್ಟವರೆಂದೂ ಐತಿಹ್ಯವುಂಟು. ತಮಿಳಿನ ಮಹಾಕೃತಿಯೊಂದರ ಕರ್ತೃ ತಮ್ಮವನೆಂಬ ನೆನಪನ್ನು ಚೇರಿಯ ಮಕ್ಕಳು ಶಾಲೆಯ ಬಾಗಿಲಿನಲ್ಲಿಯೇ ಕಾಣುವಂತಾಯಿತು.

4

ಈ ಶಾಲೆಗಳಲ್ಲಿ ಏನನ್ನು ಕಲಿಸಲಾಗುತ್ತಿತ್ತು, ಹೇಗೆ ಕಲಿಸಲಾಗುತ್ತಿತ್ತು ಎಂಬ ಎರಡು ಪ್ರಶ್ನೆಗಳನ್ನು ಬೇರೆಬೇರೆಯಾಗಿ ನೋಡುವುದು ಉಚಿತ.

ಕಲಿಸುವ ಕ್ರಮದಲ್ಲಿ ಅವು ತಮ್ಮ ಕಾಲಕ್ಕಿಂತ ಮುಂದಿದ್ದವು. ಬೋಧನೆ ಮಕ್ಕಳ ಮನೆಮಾತಾದ ತಮಿಳಿನಲ್ಲಿಯೇ ನಡೆಯಿತು. 20ನೆಯ ಶತಮಾನದ ಆರಂಭದಲ್ಲಿ ಅಮೆರಿಕದಿಂದ ಬಂದ ಸಾರಾ ಪಾಮರ್ ಅವರು ಶಾಲೆಗಳ ಮೇಲ್ವಿಚಾರಣೆ ವಹಿಸಿ ಕಿಂಡರ್‌ಗಾರ್ಟನ್ ಪದ್ಧತಿಯನ್ನು ಬಳಕೆಗೆ ತಂದರು. ಅವರೊಡನೆ ದುಡಿದ ಕೋರ್ಟ್‌ರೈಟ್ ಅವರು ಈ ಬೋಧನಕ್ರಮವನ್ನು ಕುರಿತು 1906ರಲ್ಲಿ ಒಂದು ಪುಸ್ತಿಕೆಯನ್ನು ಬರೆದರು. ಬಾಯಿಪಾಠವೇ ವಿದ್ಯೆಯೆಂದು ತಿಳಿದಿದ್ದ ಕಾಲದಲ್ಲಿ ಆಟ, ಅಭಿನಯಗೀತೆ, ಕಣ್ಣೆದುರಿನ ವಸ್ತು ಇವುಗಳ ಮೂಲಕ ಕಲಿಸುವ ಕ್ರಮ ನಗರದ ಸ್ಥಿತಿವಂತರ ಮಕ್ಕಳಿಗೂ ಸುಲಭವಾಗಿ ದೊರೆಯುತ್ತಿರಲಿಲ್ಲ. ಅದು ಚೇರಿಯ ಮಕ್ಕಳಿಗೆ ದೊರೆತುದು ಶಿಕ್ಷಣ ಚರಿತ್ರೆಯಲ್ಲಿ ಉಲ್ಲೇಖಾರ್ಹ ಸಂಗತಿ. ಮರಿಯಾ ಮಾಂಟೆಸೊರಿ ಅವರು ಅಡಯಾರಿಗೆ ಬಂದುದು 1939ರಲ್ಲಿ. ಶಿಶುಶಿಕ್ಷಣದ ಹೊಸ ಮಾರ್ಗಗಳು ಆ ನೆರೆಯಲ್ಲಿ ಅದಕ್ಕೆ ಮೂರು ದಶಕಗಳಿಗೂ ಹಿಂದೆಯೇ, ಬಡಮಕ್ಕಳ ತರಗತಿಯಲ್ಲಿ, ಕಾಲಿಟ್ಟಿದ್ದವು.

ಆದರೆ ಕಲಿಸುವ ವಿಷಯದಲ್ಲಿ ಮಿತಿಯಿತ್ತು. ಆ ಮಿತಿ ಉದ್ದೇಶಪೂರ್ವಕವಾದುದು. 1902ರಲ್ಲಿ ಪ್ರಕಟವಾದ ‘ದಿ ಪೂರ್ ಪರಿಯಾ’ ಎಂಬ ಕಿರುಹೊತ್ತಗೆಯಲ್ಲಿ ಆಲ್ಕಾಟರು ಈ ಜನರ ದುಃಸ್ಥಿತಿಯನ್ನು ಮನಮುಟ್ಟುವಂತೆ ವಿವರಿಸಿದ್ದಾರೆ. ಅವರು ಬಯಸಿದುದು ಪ್ರಾರಂಭಿಕ ಶಿಕ್ಷಣವನ್ನು ಮಾತ್ರ: ಓದು, ಬರಹ, ಲೆಕ್ಕ, ದಿನಬಳಕೆಗೆ ಬೇಕಾದ ತಿಳಿವಳಿಕೆ. ಕೂಲಿಕಾರನು ವಂಚನೆಗೆ ಒಳಗಾಗಬಾರದು, ತನ್ನ ದುಡಿಮೆಯಲ್ಲಿ ಹೆಚ್ಚು ನಿಪುಣನಾಗಬೇಕು ಎಂಬುದು ಗುರಿ. ಅವನ ಮಗ ವಕೀಲನಾಗಬೇಕು, ಅಧಿಕಾರಿಯಾಗಬೇಕು ಎಂಬುದು ಆ ಯೋಜನೆಯ ಭಾಗವಾಗಿರಲಿಲ್ಲ. ಕರುಣೆ ಧಾರಾಳವಾಗಿತ್ತು; ಆದರೆ ಮಗು ಎಷ್ಟು ಕಲಿಯಬೇಕೆಂಬುದನ್ನು ಕೊಡುವವರೇ ನಿರ್ಧರಿಸಿದ್ದರು.

ಪ್ರತ್ಯೇಕ ಶಾಲೆಯೆಂಬ ಕಲ್ಪನೆಯಲ್ಲಿಯೂ ಇಂಥದೇ ದ್ವಂದ್ವವಿದೆ. ಊರಿನ ಶಾಲೆ ಒಳಗೆ ಬಿಡದಿದ್ದಾಗ ಚೇರಿಯ ಶಾಲೆಯೊಂದೇ ದಾರಿ. ಆದರೆ ಅದೇ ಶಾಲೆ ಊರಿನ ಶಾಲೆಗೆ ಬಾಗಿಲು ಮುಚ್ಚಿಕೊಂಡಿರಲು ನೆಪವೂ ಆಗಬಲ್ಲದು. ಆಲ್ಕಾಟರ ಬಳಿಕ ಸೊಸೈಟಿಯ ಅಧ್ಯಕ್ಷರಾದ ಅನಿ ಬೆಸೆಂಟ್ ಅವರು 1909ರಲ್ಲಿ ‘ಇಂಡಿಯನ್ ರಿವ್ಯೂ’ ಪತ್ರಿಕೆಯಲ್ಲಿ ಬರೆದ ಲೇಖನದಲ್ಲಿ ಈ ಮಕ್ಕಳಿಗೆ ಶಿಕ್ಷಣ ಅಗತ್ಯವೆಂದು ಒಪ್ಪಿಯೂ, ಶುಚಿತ್ವದ ಕಾರಣವನ್ನು ಮುಂದೊಡ್ಡಿ, ಅವರನ್ನು ಇತರ ಮಕ್ಕಳೊಡನೆ ಒಂದೇ ಶಾಲೆಯಲ್ಲಿ ಕೂಡಿಸುವುದನ್ನು ವಿರೋಧಿಸಿದರು. ಡಾ. ಅಂಬೇಡ್ಕರ್ ಅವರು 1945ರಲ್ಲಿ ಪ್ರಕಟವಾದ, ಕಾಂಗ್ರೆಸ್ಸು ಮತ್ತು ಗಾಂಧಿಯವರು ಅಸ್ಪೃಶ್ಯರಿಗೆ ಮಾಡಿದುದೇನೆಂಬುದನ್ನು ವಿಮರ್ಶಿಸುವ ತಮ್ಮ ಗ್ರಂಥದಲ್ಲಿ ಆ ಲೇಖನವನ್ನು ದೀರ್ಘವಾಗಿ ಉದ್ಧರಿಸಿರುವುದು ಸಹಜವೇ ಆಗಿದೆ. ಇಂದು ಇಡೀ ಬಡಾವಣೆ ಬೆಸೆಂಟ್ ಅವರ ಹೆಸರನ್ನು ಹೊತ್ತಿದೆ. ಸ್ವರಾಜ್ಯ ಚಳವಳಿಗೂ ರಾಷ್ಟ್ರೀಯ ಶಿಕ್ಷಣಕ್ಕೂ ಅವರು ಸಲ್ಲಿಸಿದ ಸೇವೆಯನ್ನು ನೆನೆಯುವಾಗ ಈ ಸಂಗತಿಯನ್ನೂ ಮರೆಯುವಂತಿಲ್ಲ.

5

ಇದೇ ಮದ್ರಾಸ್ ಪ್ರಾಂತ್ಯದ ಮತ್ತೊಂದು ಕಡಲ ತೀರದಲ್ಲಿ, ದಕ್ಷಿಣ ಕನ್ನಡ ಜಿಲ್ಲೆಯಲ್ಲಿ, ಇದಕ್ಕೆ ಸಮಾನಾಂತರವಾದ ಪ್ರಯತ್ನ ನಡೆಯಿತು. ಕಾಸರಗೋಡಿನ ಕಡೆಯವರಾಗಿ ಮಂಗಳೂರಿನಲ್ಲಿ ವಕೀಲರಾಗಿದ್ದ ಕುದ್ಮುಲ್ ರಂಗರಾಯರು (1859–1928) ಊರೂರಿನ ಶಾಲೆಗೆ ಎರಡು ವರ್ಷ ಮೊದಲೇ, 1892ರಲ್ಲಿ, ಉರ್ವದ ಚಿಲಿಂಬಿಯಲ್ಲಿ ದಲಿತ ಮಕ್ಕಳಿಗಾಗಿ ಶಾಲೆ ತೆರೆದರು. 1897ರಲ್ಲಿ ಡಿಪ್ರೆಸ್ಡ್ ಕ್ಲಾಸಸ್ ಮಿಷನ್ ಎಂಬ ಸಂಸ್ಥೆಯನ್ನು ಕಟ್ಟಿದರು. ಶಿಕ್ಷಕರು ದೊರೆಯದೆ, ಸ್ವಜಾತಿಯವರ ಬಹಿಷ್ಕಾರಕ್ಕೆ ಗುರಿಯಾಗಿ, ಅವರು ಪಟ್ಟ ಪಾಡು ಕರಾವಳಿಯ ಸಾಮಾಜಿಕ ಚರಿತ್ರೆಯಲ್ಲಿ ಪ್ರಸಿದ್ಧವಾಗಿದೆ.

ಎರಡೂ ಪ್ರಯತ್ನಗಳಲ್ಲಿ ಸಾಮ್ಯವೂ ಭೇದವೂ ಇವೆ. ಎರಡೂ ಪ್ರತ್ಯೇಕ ಶಾಲೆಗಳು. ಎರಡರ ಸ್ಥಾಪಕರೂ ಆ ಸಮುದಾಯಕ್ಕೆ ಹೊರಗಿನವರು. ಆದರೆ ಆಲ್ಕಾಟರು ವಿದೇಶೀಯರಾದುದರಿಂದ ಜಾತಿಯ ದಂಡನೆ ಅವರನ್ನು ಮುಟ್ಟಲಿಲ್ಲ. ರಂಗರಾಯರು ಸಾರಸ್ವತ ಬ್ರಾಹ್ಮಣರಾದುದರಿಂದ ಅದರ ಪೂರ್ಣ ಭಾರವನ್ನು ಹೊತ್ತರು. ಗುರಿಯಲ್ಲಿಯೂ ಅಂತರವಿತ್ತು. ದಲಿತರ ಮಗು ಓದಿ, ಸರ್ಕಾರಿ ಹುದ್ದೆಗೇರಿ, ಊರ ದಾರಿಯಲ್ಲಿ ಕಾರಿನಲ್ಲಿ ಸಾಗಬೇಕು, ಆ ಕಾರಿನ ಧೂಳು ತಮ್ಮ ತಲೆಯನ್ನು ಸೋಕಬೇಕು ಎಂಬ ಆಶಯ ರಂಗರಾಯರ ಹೆಸರಿನೊಡನೆ ಇಂದಿಗೂ ನೆನೆಯಲ್ಪಡುತ್ತಿದೆ. ಆಲ್ಕಾಟರು ಕೂಲಿಯ ಬದುಕನ್ನು ಸಹನೀಯಗೊಳಿಸಬಯಸಿದರು. ರಂಗರಾಯರು ಕೂಲಿಯ ಮಗ ಅಧಿಕಾರಿಯಾಗುವ ಕನಸು ಕಂಡರು.

ಮಿತಿಯನ್ನು ಮೀರುವ ಕೆಲಸ ಮದ್ರಾಸಿನಲ್ಲಿ ನಡೆಯಲಿಲ್ಲವೆಂದಲ್ಲ. ಅದನ್ನು ಮಾಡಿದವರು ಸ್ಥಾಪಕರಲ್ಲ, ಸಮುದಾಯದವರು. 1898ರಲ್ಲಿ ಅಯೋತಿದಾಸ ಪಂಡಿತರೂ ಪಂಚಮ ಶಾಲೆಯೊಂದರ ಉಪಾಧ್ಯಾಯರಾಗಿದ್ದ ಪಿ. ಕೃಷ್ಣಸ್ವಾಮಿಯವರೂ ಆಲ್ಕಾಟರ ಬಳಿಗೆ ಬಂದು, ತಮ್ಮ ಪೂರ್ವಜರ ಧರ್ಮ ಬೌದ್ಧಧರ್ಮವೆಂದೂ ಅದನ್ನು ಮರಳಿ ಪಡೆಯಲು ನೆರವಾಗಬೇಕೆಂದೂ ಕೇಳಿದರು. ಆಲ್ಕಾಟರು ಅವರನ್ನು ಕೊಲಂಬೊಗೆ ಕರೆದೊಯ್ದರು. ಅಲ್ಲಿ ಅವರು ಪಂಚಶೀಲವನ್ನು ಸ್ವೀಕರಿಸಿದರು. ಮದ್ರಾಸಿನಲ್ಲಿ ಶಾಕ್ಯ ಬೌದ್ಧ ಸಂಘ ಹುಟ್ಟಿತು. ಅಂಬೇಡ್ಕರ್ ಅವರ ಧಮ್ಮದೀಕ್ಷೆಗೆ ಸುಮಾರು ಆರು ದಶಕಗಳ ಹಿಂದೆ ನಡೆದ ಈ ಘಟನೆಯಲ್ಲಿ ಶಾಲೆಯ ಉಪಾಧ್ಯಾಯನೊಬ್ಬ ಪಾತ್ರವಹಿಸಿದ್ದು ಅರ್ಥಪೂರ್ಣ. ವಿನಯವಂತ ಕೆಲಸಗಾರರನ್ನು ರೂಪಿಸಬೇಕೆಂದು ತೆರೆದ ಶಾಲೆ ಸ್ವಂತ ಚರಿತ್ರೆಯನ್ನು ತಾವೇ ಬರೆದುಕೊಳ್ಳಲು ಹೊರಟವರ ಕೂಡುದಾಣವೂ ಆಯಿತು. ಅಕ್ಷರವನ್ನು ಅಳೆದು ಕೊಡಬಹುದು. ಅದರ ಪರಿಣಾಮವನ್ನು ಅಳೆಯಲಾಗದು.

6

ಸಮುದಾಯದೊಡನೆ ಶಾಲೆಯ ಸಂಬಂಧವನ್ನು ಸ್ಥಿರಗೊಳಿಸಿದ ಇನ್ನೊಂದು ಅಂಶ ಅನ್ನ. ಕೂಲಿಯ ಮನೆಯಲ್ಲಿ ಮಗುವೂ ಒಂದು ದುಡಿಯುವ ಕೈ. ಮಗು ಶಾಲೆಗೆ ಹೋದರೆ ಮನೆಗೆ ಆಗುವ ನಷ್ಟವನ್ನು ಭರಿಸದೆ ಶುಲ್ಕವನ್ನಷ್ಟೇ ಬಿಟ್ಟುಕೊಟ್ಟರೆ ಅದು ಪೂರ್ಣ ಅರ್ಥದಲ್ಲಿ ಉಚಿತ ಶಿಕ್ಷಣವಾಗದು. ಆಲ್ಕಾಟ್ ಶಾಲೆ ಪಾಠದೊಡನೆ ಊಟವನ್ನೂ ಕೊಡುವ ಸಂಪ್ರದಾಯವನ್ನು ಬೆಳೆಸಿಕೊಂಡು ಬಂದಿತು. ಸಾರ್ವಜನಿಕ ವ್ಯವಸ್ಥೆಯಲ್ಲಿ ಇದೇ ತತ್ತ್ವವನ್ನು 1920ರಲ್ಲಿ ಮದ್ರಾಸ್ ನಗರಸಭೆ ಪಿಟ್ಟಿ ತ್ಯಾಗರಾಯ ಚೆಟ್ಟಿಯವರ ನಾಯಕತ್ವದಲ್ಲಿ ತನ್ನ ಶಾಲೆಯೊಂದರಲ್ಲಿ ಆಚರಣೆಗೆ ತಂದಿತು. 1950ರ ದಶಕದಲ್ಲಿ ಕಾಮರಾಜರೂ 1982ರಲ್ಲಿ ಎಂ. ಜಿ. ರಾಮಚಂದ್ರನ್ ಅವರೂ ಅದನ್ನು ರಾಜ್ಯವ್ಯಾಪಿಯಾಗಿ ವಿಸ್ತರಿಸಿದರು. 2022ರಲ್ಲಿ ತಮಿಳುನಾಡು ಸರ್ಕಾರ ಪ್ರಾಥಮಿಕ ಶಾಲೆಗಳಲ್ಲಿ ಬೆಳಗಿನ ಉಪಾಹಾರದ ಯೋಜನೆಯನ್ನೂ ಆರಂಭಿಸಿತು. ಹಸಿವು ಶಾಲೆಯ ಹೊರಗಿನ ವಿಷಯವಲ್ಲ, ಬೋಧನೆಯ ಒಳಗಿನ ವಿಷಯ ಎಂಬ ತಿಳಿವಳಿಕೆ ಈ ನಾಡಿನಲ್ಲಿ ಬಲಿತುದು ಇಂಥ ಬಡವರ ಶಾಲೆಗಳ ಅನುಭವದಿಂದಲೇ.

7

ಸ್ವಾತಂತ್ರ್ಯಾನಂತರ ಶಾಲೆಯ ಸುತ್ತಣ ನೆಲದ ಸ್ವರೂಪವೇ ಬದಲಾಯಿತು. 1970ರ ದಶಕದಲ್ಲಿ ವಸತಿ ಮಂಡಳಿಯ ಬಡಾವಣೆಯಾಗಿ ಬೆಸೆಂಟ್ ನಗರ ರೂಪುಗೊಂಡಿತು. ಅದೇ ದಶಕದಲ್ಲಿ ವೇಳಾಂಗಣ್ಣಿ ಮಾತೆಯ ದೇಗುಲವೂ ಅಷ್ಟಲಕ್ಷ್ಮಿ ದೇವಾಲಯವೂ ಕಡಲ ದಂಡೆಯಲ್ಲಿ ಎದ್ದವು. ಎಲಿಯಟ್ಸ್ ಬೀಚ್ ನಗರದವರ ಸಂಜೆಯ ವಿಹಾರಸ್ಥಳವಾಯಿತು. ಹಳ್ಳಿಯ ಬೆಲೆಯ ನೆಲ ನಗರದ ದುಬಾರಿ ನೆಲವಾಯಿತು. ಇವುಗಳ ನಡುವೆ ಹಳೆಯ ಮೀನುಗಾರರ ವಸತಿಗಳು ತಮ್ಮ ಸ್ಥಾನದಲ್ಲಿಯೇ ಉಳಿದವು. ಅವುಗಳಲ್ಲಿ ಒಂದರ ಹೆಸರು ಊರೂರು ಕುಪ್ಪಂ, ಮತ್ತೊಂದರ ಹೆಸರು ಆಲ್ಕಾಟ್ ಕುಪ್ಪಂ. ತಮಿಳಿನಲ್ಲಿ ಕುಪ್ಪಂ ಎಂದರೆ ಮೀನುಗಾರರ ಕಿರುವಸತಿ. 2004ರ ಡಿಸೆಂಬರ್ 26ರಂದು ಸುನಾಮಿಯ ಅಲೆಗಳು ಚೆನ್ನೈ ತೀರವನ್ನು ಅಪ್ಪಳಿಸಿದಾಗ ಅದರ ಮೊದಲ ಹೊಡೆತವನ್ನು ಅನುಭವಿಸಿದವರು ಇಂಥ ಕುಪ್ಪಗಳ ಜನರು. 2015ರಲ್ಲಿ ಗಾಯಕ ಟಿ. ಎಂ. ಕೃಷ್ಣ ಮೊದಲಾದವರು ಊರೂರು–ಆಲ್ಕಾಟ್ ಕುಪ್ಪದಲ್ಲಿ ಸಂಗೀತೋತ್ಸವವನ್ನು ಆರಂಭಿಸಿದಾಗ, ಬಡಾವಣೆಯಲ್ಲಿಯೇ ವಾಸಿಸುವ ಅನೇಕರು ಆ ಕುಪ್ಪದೊಳಗೆ ಕಾಲಿಟ್ಟುದು ಮೊದಲ ಬಾರಿಗೆ. ಊರು–ಚೇರಿಗಳ ಅಂತರ ಬಡಾವಣೆ–ಕುಪ್ಪಗಳ ಅಂತರವಾಗಿ ಮುಂದುವರಿದಿತ್ತು.

ಆಲ್ಕಾಟರು ತೆರೆದ ಇತರ ಶಾಲೆಗಳು ಕಾಲಾನಂತರ ಸೊಸೈಟಿಯ ಆಡಳಿತದಿಂದ ಹೊರಗಾದವು. ಮೊದಲನೆಯದು ಮಾತ್ರ ಅದರ ಆಶ್ರಯದಲ್ಲಿಯೇ ಮುಂದುವರಿದು, ಪ್ರಾಥಮಿಕ ಹಂತವನ್ನು ದಾಟಿ ಆಲ್ಕಾಟ್ ಸ್ಮಾರಕ ಉನ್ನತ ಮಾಧ್ಯಮಿಕ ಶಾಲೆಯಾಗಿ ಬೆಳೆಯಿತು. ಓದು–ಬರಹ–ಲೆಕ್ಕಕ್ಕೆ ಸೀಮಿತವಾಗಿರಬೇಕೆಂದು ಸ್ಥಾಪಕರು ಬಗೆದ ಶಾಲೆ ಹನ್ನೆರಡನೆಯ ತರಗತಿಯವರೆಗೆ ಏರಿದುದು ಸಣ್ಣ ಸಂಗತಿಯಲ್ಲ. ಬಡಕುಟುಂಬಗಳ ಮಕ್ಕಳೇ ಅದರ ವಿದ್ಯಾರ್ಥಿಗಳು.

ಕಡ್ಡಾಯ ಶಿಕ್ಷಣದ ಹಕ್ಕಿನ ಕಾಯಿದೆ 2009ರಲ್ಲಿ ಅಂಗೀಕೃತವಾಗಿ 2010ರ ಏಪ್ರಿಲ್ 1ರಿಂದ ಜಾರಿಗೆ ಬಂದಿತು. ನೆರೆಹೊರೆಯ ಶಾಲೆ ಎಂಬ ಪರಿಕಲ್ಪನೆ ಅದರ ಆಧಾರಗಳಲ್ಲಿ ಒಂದು. ಖಾಸಗಿ ಶಾಲೆಗಳು ಆರಂಭದ ತರಗತಿಯಲ್ಲಿ ಶೇಕಡಾ 25ರಷ್ಟು ಸ್ಥಾನಗಳನ್ನು ದುರ್ಬಲ ವರ್ಗದ ಮಕ್ಕಳಿಗೆ ಮೀಸಲಿಡಬೇಕೆಂಬುದು ಇನ್ನೊಂದು. 1909ರಲ್ಲಿ ಬೆಸೆಂಟ್ ಅವರು ಎತ್ತಿದ್ದ ಪ್ರಶ್ನೆಗೆ, ಎಲ್ಲ ಮಕ್ಕಳೂ ಒಂದೇ ಕೊಠಡಿಯಲ್ಲಿ ಕೂಡಬಹುದೇ ಎಂಬುದಕ್ಕೆ, ಗಣರಾಜ್ಯದ ಶಾಸನ ಕೊಟ್ಟ ಉತ್ತರ ಇದು. ಆದರೆ ಶಾಸನದ ಉತ್ತರ ಸಮಾಜದ ಉತ್ತರವಾಗಲು ಕಾಲ ಹಿಡಿಯುತ್ತದೆ. ಬಡವರ ಶಾಲೆ, ಸ್ಥಿತಿವಂತರ ಶಾಲೆ ಎಂಬ ಭೇದ ನಮ್ಮ ನಗರಗಳಲ್ಲೆಲ್ಲ ಇನ್ನೂ ಕಾಣುವಂಥದೇ. ಕರ್ನಾಟಕದ ನಗರಗಳಲ್ಲಿ ಸರ್ಕಾರಿ ಕನ್ನಡ ಶಾಲೆಗಳು ಬಡವರ ಮಕ್ಕಳಿಗಷ್ಟೇ ಉಳಿಯುತ್ತಿರುವಾಗ ಈ ಪ್ರಶ್ನೆ ಚೆನ್ನೈಗೆ ಮಾತ್ರ ಸೇರಿದುದಲ್ಲ.

8

ಮೇಲಿನ ವಿವೇಚನೆಯಿಂದ ಕೆಲವು ಸಂಗತಿಗಳು ಸ್ಪಷ್ಟವಾಗುತ್ತವೆ. ಪ್ರಾಥಮಿಕ ಶಾಲೆಯ ಚರಿತ್ರೆಯನ್ನು ಸ್ಥಾಪಕರ ಚರಿತ್ರೆಯಾಗಿ ಮಾತ್ರ ಬರೆದರೆ ಅರ್ಧ ಸತ್ಯವಷ್ಟೇ ದೊರೆಯುತ್ತದೆ. ಅದನ್ನು ಬಳಸಿಕೊಂಡವರು ಅದರಿಂದ ಏನನ್ನು ಪಡೆದರು, ಏನನ್ನು ಬದಲಿಸಿದರು ಎಂಬುದು ಉಳಿದರ್ಧ. ಪ್ರತ್ಯೇಕ ಶಾಲೆ ತನ್ನ ಕಾಲದಲ್ಲಿ ಅನಿವಾರ್ಯವಾದ ಬಾಗಿಲಾಗಿತ್ತು. ಆದರೆ ಅದನ್ನೇ ಗೋಡೆಯನ್ನಾಗಿಸುವ ವಾದಗಳೂ ಅದರ ನೆರಳಿನಲ್ಲಿಯೇ ಹುಟ್ಟಿದವು. ಮನೆಮಾತಿನ ಬೋಧನೆ, ಆಟದ ಕಲಿಕೆ, ಮಧ್ಯಾಹ್ನದ ಊಟ, ಇಂದು ಉತ್ತಮ ಶಿಕ್ಷಣದ ಲಕ್ಷಣಗಳೆಂದು ಎಲ್ಲರೂ ಒಪ್ಪುವ ಈ ಮೂರೂ, ಒಂದು ಶತಮಾನದ ಹಿಂದೆ ಚೇರಿಯ ಶಾಲೆಯಲ್ಲಿ ಪರೀಕ್ಷೆಗೊಳಗಾದವು.

ಅಡಯಾರಿನ ಗ್ರಂಥಭಂಡಾರ ಬರೆದುದನ್ನು ಕಾಪಾಡಿತು. ಊರೂರಿನ ಶಾಲೆ ಬರೆಯಬಲ್ಲವರನ್ನು ಹೆಚ್ಚಿಸಿತು. ಓಲೆಗರಿಗಳನ್ನು ಅವಲಂಬಿಸಿ ಗತಕಾಲವನ್ನು ಅರಿಯುವ ವಿದ್ವಾಂಸರು ಶಾಲೆಗಳ ಹಾಜರಿ ಪುಸ್ತಕಗಳನ್ನೂ ದಾಖಲೆಗಳೆಂದು ಓದಬೇಕಾಗಿದೆ. ಚಿಲಿಂಬಿಯ ಶಾಲೆಯಿಂದ ಹಿಡಿದು ಮೈಸೂರು ಸೀಮೆಯ ಪಂಚಮ ಶಾಲೆಗಳವರೆಗೆ ಕನ್ನಡ ನಾಡಿನಲ್ಲಿಯೂ ಇಂಥ ಅನೇಕ ಸಂಸ್ಥೆಗಳ ಚರಿತ್ರೆ ಬಿಡಿಯಾಗಿ ಚೆದುರಿದೆ. ಅದನ್ನು ಊರಿನ ಕಡೆಯಿಂದಲ್ಲದೆ ಕೇರಿಯ ಕಡೆಯಿಂದ ಬರೆಯುವ ಕೆಲಸ ಕನ್ನಡ ಸಂಶೋಧನೆಯ ಹೊಣೆಗಳಲ್ಲಿ ಒಂದು.